ಅಲುಗಾಡದೆ ನಿಂತ ಮುಖ

ನಮ್ಮ ಅತ್ತೆಗೆ ತನ್ನ ಮಗನ ಮುಖ ಕೊನೆಯ ಸಲ ನೋಡಲು ಸಿಗಲಿಲ್ಲ. ಮುಂದೆ ಹೇಳುವುದೆಲ್ಲ ಅದೊಂದರಿಂದಲೇ ಹುಟ್ಟಿದ್ದು. ಹಾಗಾಗಿ ಮೊದಲು ಅದನ್ನೇ ಹೇಳಿಬಿಡುತ್ತೇನೆ.

ಅತ್ತೆ ಎಂದರೆ ನನ್ನ ಅಪ್ಪನ ಅಕ್ಕ. ಹುಟ್ಟಿದಾಗಿನಿಂದ ‘ನೀನು’ ಎಂದೇ ಕರೆದು ರೂಢಿ. ಅವಳ ಮಗನನ್ನು ಲಗ್ನವಾದ ಮೇಲೂ ಅದು ಬದಲಾಗಲಿಲ್ಲ. ಅವಳು ಕಮಲಾಪುರದಲ್ಲಿ ಮಗಳು ಅಳಿಯನ ಜೊತೆಗಿದ್ದು ಬಾಳೆಯ ತೋಟ ನೋಡಿಕೊಳ್ಳುತ್ತಿದ್ದಳು. ನಮ್ಮ ಮನೆಯವರು, ಅಂದರೆ ಅವಳ ಮಗ, ಕಲಬುರ್ಗಿಯ ಬಟ್ಟೆ ಗಿರಣಿಯಲ್ಲಿ ನೂಲುವ ಖಾತೆಯಲ್ಲಿದ್ದರು. ಯಂತ್ರದಲ್ಲಿ ಎಳೆ ಹರಿದಾಗ ಓಡಿಹೋಗಿ ಹೊಸೆದು ಜೋಡಿಸುವುದು ಅವರ ಕೆಲಸ. ನಾನೂ ಅದೇ ಗಿರಣಿಯ ಹೆಂಗಸರ ಖಾತೆಯಲ್ಲಿ ನೂಲಿನ ಲಡಿ ಸುತ್ತುತ್ತಿದ್ದೆ. ಗಿರಣಿಯ ಹಿಂದಿನ ಚಾಳಿನಲ್ಲಿ ನಮ್ಮದೊಂದು ಖೋಲಿ. ನಮಗೆ ಮಕ್ಕಳಾಗಿರಲಿಲ್ಲ.

ಆ ಬೇಸಿಗೆ ಊರಿಗೆ ವಾಂತಿಭೇದಿ ಬಂತು. ನಮ್ಮ ಚಾಳಿನಲ್ಲಿ ಮೊದಲು ಬಾವಿಯ ಕಡೆಯ ಖೋಲಿಯವರು ಹೋದರು, ಆಮೇಲೆ ಇವರು. ನಸುಕಿನಲ್ಲಿ ಶುರುವಾದದ್ದು ಮಧ್ಯಾಹ್ನದ ಭೋಂಗಾ ಕೂಗುವುದರೊಳಗೆ ಮುಗಿಯಿತು. ಭೋಂಗಾ ಎಂದರೆ ಗಿರಣಿಯ ಸೀಟಿ; ಅದನ್ನು ಕೇಳಿಯೇ ಅರ್ಧ ಊರು ಒಲೆಯ ಮೇಲೆ ರೊಟ್ಟಿಯ ಹಂಚು ಇಡುತ್ತಿತ್ತು. ನಮ್ಮ ಜನರಲ್ಲಿ ತೀರಿಕೊಂಡವರನ್ನು ಮಲಗಿಸುವುದಿಲ್ಲ. ಮೈ ತೊಳೆದು, ಹಣೆಗೆ ವಿಭೂತಿ ಹಚ್ಚಿ, ಗೋಡೆಗೆ ಆನಿಸಿ ಕೂಡಿಸುತ್ತೇವೆ. ಬಂಧುಗಳೆಲ್ಲ ಬಂದು ಎದುರಿಗೆ ಕೂತು ಮುಖ ನೋಡಬೇಕು. ‘ಮಾರಿ ನೋಡೋದು’ ಅಂತ ಅದಕ್ಕೆ ಹೆಸರು; ಮಾರಿ ಅಂದರೆ ನಮ್ಮ ಕಡೆ ಮುಖ. ದೂರದಿಂದ ಬರುವವರಿದ್ದರೆ ಅವರು ಬರುವತನಕ ಮಣ್ಣು ಕೊಡುವುದಿಲ್ಲ. ಆದರೆ ಆ ದಿನ ಸರ್ಕಾರದ ಸಫಾಯಿಯವರು ಬಾಗಿಲಲ್ಲೇ ನಿಂತಿದ್ದರು. ಈ ಬೇನೆಯ ಹೆಣ ಸಂಜೆಯವರೆಗೆ ಇಡಕೂಡದು ಎಂದು ಹುಕುಂ. ಕಮಲಾಪುರಕ್ಕೆ ಹೇಳಿಕಳಿಸಿದ ಆಳು ನಡುದಾರಿಯ ಮಹಾಗಾಂವ ದಾಟಿದ್ದನೋ ಇಲ್ಲವೋ, ಇಲ್ಲಿ ಕುಣಿ ಮುಚ್ಚಿತ್ತು.

ಅತ್ತೆ ಮರುದಿನ ಎತ್ತಿನ ಗಾಡಿಯಲ್ಲಿ ಬಂದಳು. ಅಳಲಿಲ್ಲ. ಹಸಿ ಮಣ್ಣಿನ ಪಕ್ಕ ಕೂತು ನನ್ನನ್ನು ಕೇಳಿದಳು:

“ಮಾರಿ ಹ್ಯಾಂಗಿತ್ತವಾ?”

“ಅವರ ಮಾರಿ ಅವರದಿದ್ದಂಗ ಇರಲಿಲ್ಲತ್ತಿ. ಒಂದ ದಿನದಾಗ ಬತ್ತಿಹೋಗಿತ್ತು. ನೀ ನೋಡಲಿಲ್ಲ, ಛಲೋನೇ ಆತು” ಅಂದೆ.

“ಛಲೋ ಇರ್ಲಿ, ಕೆಟ್ಟ ಇರ್ಲಿ,” ಅಂದಳು ಅತ್ತೆ, “ನೋಡೋದು ನಂದಿತ್ತು.”

ಚಾಳಿನ ಹೆಂಗಸರು ಸುತ್ತ ಕೂತಿದ್ದರು. ನನ್ನ ಜೊತೆ ಲಡಿ ಸುತ್ತುತ್ತಿದ್ದ ಗೆಳತಿ, ಬಾಯಿ ತಡೆಯದವಳು, ಸಮಾಧಾನಕ್ಕೆಂದು ಒಂದು ಮಾತು ಹೇಳಿಬಿಟ್ಟಳು. “ಯಾಕ ಹಂಗ ಮಾಡ್ತೀಯವ್ವಾ? ನಿನ ಮಗ ಪಿಕ್ಚರಿನ್ಯಾಗ ಅದಾನ. ಗಿರಣಿ ಪಿಕ್ಚರ್ ತಗದಾರಲ್ಲ! ದರ್ಗಾದ ಉರುಸಿನ್ಯಾಗ ತೋರಸ್ತಾರಂತ. ಅಲ್ಲಿ ಕಣ್ತುಂಬ ನೋಡು.”

ಅತ್ತೆ ನನ್ನ ಕಡೆ ತಿರುಗಿದಳು. ಆ ಹೊತ್ತು ಅವಳ ಕಣ್ಣಿನಲ್ಲಿ ಬಂದದ್ದನ್ನು ನೋಡಿದ ಮೇಲೆ ‘ಹೌದು’ ಅನ್ನದೆ ನನಗೆ ಗತ್ಯಂತರವಿರಲಿಲ್ಲ. ಮತ್ತು ನಿಜವೂ ಹೌದು. ಪಿಕ್ಚರು ತೆಗೆಯುವಾಗ ನಾನು ಅಲ್ಲೇ ಇದ್ದೆ. ಅವರ ಮುಖದ ಮೇಲೆ ಬೆಳಕು ಬಿಟ್ಟವಳು ನಾನೇ.

ಅದು ಆ ಬೇಸಿಗೆಗೂ ಮುಂಚೆ, ಚಳಿಗಾಲ ಮುಗಿಯುವ ಹೊತ್ತಿನ ಮಾತು. ಹೈದ್ರಾಬಾದಿನಿಂದ ಒಬ್ಬ ತರುಣ ಸಾಹೇಬ ಗಿರಣಿಗೆ ಬಂದ. ಗಿರಣಿಯಲ್ಲಿ ಪಾಲು ಇದ್ದ ದೊಡ್ಡ ಮನೆತನದವನಂತೆ. ವಿಲಾಯತಿಗೆ ಹೋಗಿ ಓದಿದ್ದನಂತೆ. ಅಲ್ಲಿ ಹೊಸ ನಮೂನೆಯ ಪಿಕ್ಚರು ನೋಡಿ ತಾನೂ ಒಂದು ಮಾಡಬೇಕೆಂದು ಹಟ ಹಿಡಿದಿದ್ದನಂತೆ. ಮೂರು ಕಾಲಿನ ಮೇಲೆ ನಿಲ್ಲಿಸಿದ ಒಂದು ಕಟ್ಟಿಗೆಯ ಪೆಟ್ಟಿಗೆ, ಅದರ ಪಕ್ಕಕ್ಕೆ ಬೀಸುವ ಕಲ್ಲಿನ ಗೂಟದಂತೆ ತಿರುಗಿಸುವ ಹಿಡಿಕೆ. ಆಗಿನ್ನೂ ಪಿಕ್ಚರುಗಳಿಗೆ ಮಾತು ಬಂದಿರಲಿಲ್ಲ. ಡೇರೆಯಲ್ಲಿ ತೋರಿಸುತ್ತಿದ್ದವೆಲ್ಲ ದೇವರ ಕಥೆ, ರಾಜರ ಕಥೆ, ಕತ್ತಿವರಸೆ. ಮುಕಾದಮ, ಅಂದರೆ ನಮ್ಮ ಮೇಲಿನ ಮೇಸ್ತ್ರಿ, ಎಲ್ಲರನ್ನೂ ಅಂಗಳದಲ್ಲಿ ಕೂಡಿಸಿದ. ಸಾಹೇಬ ಅರ್ಧ ಕನ್ನಡ ಅರ್ಧ ಉರ್ದುವಿನಲ್ಲಿ ತಿಳಿಸಿ ಹೇಳಿದ.

“ಇದರಾಗ ರಾಜಾ ನಹೀ, ರಾಣೀ ನಹೀ. ಕಥೀನೇ ಇಲ್ಲ. ಗಿರಣೀನೇ ರಾಜಾ, ಗಿರಣೀನೇ ರಾಣಿ. ನೀವು ದಿನಾ ಮಾಡೋ ಕಾಮ್ ಮಾಡ್ರಿ, ಬಸ್.”

“ಹಂಗಾದ್ರ ರಾಕ್ಷಸ ಯಾರ್ರೀ ಸಾಹೇಬ್ರ?” ಎಂದು ಹಿಂದಿನಿಂದ ಯಾರೋ ಕೇಳಿದರು.

“ಮುಕಾದಮರು ಅದಾರಲ್ಲೋ!” ಎಂದು ಇನ್ನೊಬ್ಬ ಅಂದ. ಜನ ನಕ್ಕರು. ಸಾಹೇಬನೂ ನಕ್ಕ. ಮುಕಾದಮ ಮಾತ್ರ ಅಂದವನ ಮುಖ ಗುರುತಿಟ್ಟುಕೊಂಡ.

ಗಿರಣಿಯೊಳಗೆ ಬೆಳಕು ಸಾಲದು ಅಂತಾಯಿತು. ಮಾಡಿನ ಗಾಜುಗಳ ಮೇಲೆ ವರ್ಷಾನುಗಟ್ಟಲೆ ಕೂತ ಮಸಿಯನ್ನು ಏಣಿ ಹಾಕಿ ತೊಳೆಸಿದರು. ಆ ಗಾಜು ಬಿಳಿಯದು ಅಂತ ನನಗೆ ಅವತ್ತೇ ಗೊತ್ತಾದದ್ದು. ಅದೂ ಸಾಲದೆ, ದರ್ಗಾದ ಸುತ್ತಲಿನ ರೋಜಾ ಓಣಿಯ ಹಜಾಮರ ಅಂಗಡಿಗಳಿಂದ ದೊಡ್ಡ ಕನ್ನಡಿಗಳನ್ನು ತರಿಸಿದರು. ಬಾಗಿಲ ಹೊರಗೆ ನಿಂತ ಒಬ್ಬಳು ಕನ್ನಡಿಯಲ್ಲಿ ಬಿಸಿಲು ಹಿಡಿದು ಒಳಗೆ ಬಿಡಬೇಕು. ಒಳಗೆ ನಿಂತವಳು ಅದನ್ನು ಇನ್ನೊಂದು ಕನ್ನಡಿಯಲ್ಲಿ ತೆಗೆದುಕೊಂಡು ಯಂತ್ರದ ಮೇಲೆ ಹೊರಳಿಸಬೇಕು. ಲಡಿ ಸುತ್ತುವವರ ಕೈ ನಡುಗುವುದಿಲ್ಲ ಅಂತ ನಮ್ಮ ಖಾತೆಯಿಂದಲೇ ಹೆಂಗಸರನ್ನು ಕರೆದರು. ಒಳಗಿನ ಕನ್ನಡಿ ನನ್ನ ಪಾಲಿಗೆ ಬಂತು.

ಇಲ್ಲಿ ಒಂದು ಸಂಗತಿ ಹೇಳಬೇಕು. ನಮ್ಮವರು ಕೆಲಸಕ್ಕೆ ಸೇರುವ ಮುಂಚೆ, ಯಾರೋ ದೊಡ್ಡ ಅಧಿಕಾರಿ ಗಿರಣಿ ನೋಡಲು ಬಂದಾಗ ಎಲ್ಲರನ್ನೂ ಸಾಲಾಗಿ ಕೂಡಿಸಿ ಫೋಟೋ ತೆಗೆದಿದ್ದರು. ‘ಉಸಿರು ಬಿಡಬ್ಯಾಡ್ರಿ, ಕಣ್ಣು ಮಿಟುಕಸಬ್ಯಾಡ್ರಿ’ ಎಂದು ಫೋಟೋದವನು ಕೂಗಿ ಕೂಗಿ ಹೇಳಿದ್ದ. ಒಬ್ಬ ನೊಣ ಓಡಿಸಲು ತಲೆ ಅಲ್ಲಾಡಿಸಿದ. ಫೋಟೋ ಬಂದಾಗ ಅವನ ಕೊರಳ ಮೇಲೆ ಬರೀ ಹೊಗೆ. ಆ ವರ್ಷವೇ ಅವನು ತೀರಿಕೊಂಡ. ಆ ಫೋಟೋ ಕಚೇರಿಯ ಗೋಡೆಯ ಮೇಲಿತ್ತು, ಮತ್ತು ಗಿರಣಿಗೆ ಹೊಸದಾಗಿ ಬಂದವರಿಗೆಲ್ಲ ಅದನ್ನು ತೋರಿಸಿ ಕಥೆ ಹೇಳುತ್ತಿದ್ದರು. ಹೀಗಾಗಿ ನಮ್ಮ ಜನಕ್ಕೆ ಪೆಟ್ಟಿಗೆಯ ಮುಂದೆ ಹೇಗಿರಬೇಕು ಅಂತ ಚೆನ್ನಾಗಿ ಗೊತ್ತಿತ್ತು: ಕಲ್ಲಿನಂತಿರಬೇಕು. ತಿರುಗುವ ಹಿಡಿಕೆಯ ಈ ಪೆಟ್ಟಿಗೆ ಬೇರೆ ಜಾತಿಯದು, ಇದಕ್ಕೆ ಅಲುಗಾಟವೇ ಅನ್ನ ಅಂತ ಯಾರಿಗೂ ಹೊಳೆಯಲಿಲ್ಲ.

ಮೊದಲು ಪೆಟ್ಟಿಗೆ ಇಟ್ಟದ್ದು ಇವರ ಯಂತ್ರದ ಎದುರಿಗೆ. ನಾನು ಕನ್ನಡಿ ಹೊರಳಿಸಿ ಬಿಸಿಲಿನ ತುಂಡನ್ನು ಅವರ ಮುಖದ ಮೇಲೆ ಇಟ್ಟೆ. ಸಾಹೇಬ ಹಿಡಿಕೆ ತಿರುಗಿಸಲು ಶುರು ಮಾಡಿದ. ಇವರು ಕೈ ಎರಡೂ ಮಗ್ಗುಲಿಗೆ ಇಳಿಬಿಟ್ಟು, ಪೆಟ್ಟಿಗೆಯ ಕಣ್ಣನ್ನೇ ನೋಡುತ್ತ ನಿಂತುಬಿಟ್ಟರು.

“ಅರೇ ಹಿಲೋ ಮಿಯಾಂ! ಕಾಮ್ ಕರೋ! ಅಲ್ಲಾಡ್ರಿ!” ಎಂದು ಸಾಹೇಬ ಕೂಗಿದ. ಯಂತ್ರದ ಗದ್ದಲದಲ್ಲಿ ಕೇಳಿಸಿತೋ ಇಲ್ಲವೋ. ಕೇಳಿಸಿದ್ದರೂ, ಇದು ತಮ್ಮನ್ನು ಪರೀಕ್ಷೆ ಮಾಡಲು ಅನ್ನುವ ಮಾತು ಅಂದುಕೊಂಡರೇನೋ. ಹಿಂದೆ ಎಳೆಗಳು ಹರಿಯುತ್ತಿದ್ದವು, ಅರಳೆಯ ಎಸಳು ಹಾರಿ ಕೂದಲ ಮೇಲೆ, ರೆಪ್ಪೆಯ ಮೇಲೆ ಕೂರುತ್ತಿತ್ತು. ಇವರು ಅಲುಗಲಿಲ್ಲ. ನಾಲ್ಕು ಜನರ ಮುಂದೆ ಗಂಡನ ಮುಖವನ್ನು ದಿಟ್ಟಿಸಿ ನೋಡುವ ಪದ್ಧತಿ ನಮ್ಮಲ್ಲಿಲ್ಲ. ಆದರೆ ಆ ಹೊತ್ತು ಬಿಸಿಲಿನ ತುಂಡು ಸರಿಯಬಾರದು ಅಂತ ನಾನು ನೋಡಲೇಬೇಕಾಗಿತ್ತು. ನೋಡಿದೆ. ಇಷ್ಟು ವರ್ಷ ಒಂದೇ ಖೋಲಿಯಲ್ಲಿದ್ದು ಅಷ್ಟು ಹೊತ್ತು ಒಮ್ಮೆಯೂ ನೋಡಿರಲಿಲ್ಲ.

ಸಾಹೇಬ ಕೊನೆಗೆ ಹಿಡಿಕೆ ಬಿಟ್ಟು ಹಣೆ ಒರೆಸಿಕೊಂಡು ಮುಂದಿನ ಯಂತ್ರಕ್ಕೆ ಹೋದ. ಅಲ್ಲಿನವನೂ ಹಾಗೇ ನಿಂತ. ಅದರ ಮುಂದಿನವನೂ. ಸಂಜೆಯ ಹೊತ್ತಿಗೆ ಸಾಹೇಬ ಪೆಟ್ಟಿಗೆಯನ್ನು ಜನರ ಬೆನ್ನ ಹಿಂದೆ, ಮೊಣಕೈ ಸಂದಿಯಲ್ಲಿ, ನೆಲದ ಮೇಲೆ ಎಲ್ಲೆಲ್ಲೋ ಇಟ್ಟು ತೆಗೆಯತೊಡಗಿದ್ದ. ಅದೆಲ್ಲ ಯಾಕೆಂದು ನಾವು ಕೇಳಲಿಲ್ಲ.

ಅವತ್ತು ಇವರು ಮನೆಗೆ ಬಂದು ಕಾಲು ತೊಳೆಯುವ ಮೊದಲೇ ಕೇಳಿದರು: “ನೋಡಿದೇನು? ನಾ ಒಮ್ಮೆರೆ ಕಣ್ಣು ಮಿಟುಕಿಸಿದ್ನೇನು?”

“ಇಲ್ಲ. ಸಾಹೇಬ್ರು ಏನೋ ಕೂಗಾಕತ್ತಿದ್ರು.”

“ಕೂಗ್ಲಿ. ಅಲ್ಲಾಡಿದ್ರ ಹೊಗಿ ಆಗ್ತಿದ್ದೆ. ಅವ್ವಗ ತೋರಸ್ಬೇಕು. ಕಮಲಾಪುರದಾಗ ಯಾರ ಮಗಾ ಪಿಕ್ಚರಿನ್ಯಾಗ ಬಂದಾನ ಹೇಳು?”

ನಾನು ಅವರ ಬೆನ್ನಿನ ಮೇಲಿನ ಅರಳೆಯನ್ನು ಹಸಿ ಬಟ್ಟೆಯಿಂದ ಒರೆಸುತ್ತಿದ್ದೆ. “ಬಾಳಿಗೊನಿ ಹೊತ್ತು ತಿರುಗೋ ಮುದುಕಿಗಿ ಪಿಕ್ಚರ್ ತೋರಸ್ತಾನಂತ” ಎಂದು ಅಣಕಿಸಿದೆ. ಅವರು ನಕ್ಕರು.

ಅವರು ತೀರಿಕೊಂಡ ಮೇಲೆ ಅತ್ತೆ ಕಮಲಾಪುರಕ್ಕೆ ಮರಳಿದಳು, ಆದರೆ ಕಲಬುರ್ಗಿಯ ಕಡೆಯಿಂದ ಯಾರೇ ಗಾಡಿ ಹೊಡೆದುಕೊಂಡು ಬಂದರೂ ಅವಳದು ಒಂದೇ ಪ್ರಶ್ನೆಯಂತೆ. “ಪಿಕ್ಚರ್ ಬಂತೇನಪಾ?” ತೋಟದಲ್ಲಿ ಗೊನೆ ಕಡಿಯುವವರು ಅವಳನ್ನು ಪಿಕ್ಚರವ್ವ ಅಂತ ಕರೆಯತೊಡಗಿದರು. ನಾನು ಅಮಾವಾಸ್ಯೆಗೆ ಹೋದಾಗ ಕೆಂಪು ಬಾಳೆಯ ಒಂದು ಚಿಪ್ಪು ಹುಲ್ಲಿನಲ್ಲಿ ಮುಚ್ಚಿಟ್ಟಿದ್ದಳು. “ಪಿಕ್ಚರ್ ಮಾಡಿದ ಸಾಹೇಬಗ ಕೊಡೋಣ” ಅಂದಳು. ಆ ಚಿಪ್ಪು ಕಪ್ಪಾಗಿ ಹೋಯಿತು. ಮುಂದಿನ ಸಲ ಮತ್ತೊಂದು ಇಟ್ಟಿದ್ದಳು.

ನನಗೆ ಹೆದರಿಕೆಯಾಗುತ್ತಿತ್ತು. ಒಮ್ಮೆ ಹೇಳಿಯೂ ನೋಡಿದೆ: “ಅತ್ತಿ, ಪಿಕ್ಚರಿನ್ಯಾಗ ಭಾಳ ಮಂದಿ ಇರ್ತಾರ. ಕಣ್ಣು ಮುಚ್ಚಿ ತೆಗಿಯೋದ್ರಾಗ ಹೋಗಿಬಿಡ್ತದ.”

“ನಾ ಮುಚ್ಚೂದಿಲ್ಲ ಬಿಡು” ಅಂದಳು.

ಉರುಸು ಬಂತು. ರೋಜಾದ ಬಯಲಿನಲ್ಲಿ ಪಿಕ್ಚರಿನ ಡೇರೆ ಬಿತ್ತು. ಸಾಹೇಬ ಡೇರೆಯವನನ್ನು ಒಪ್ಪಿಸಿ, ಒಂದು ಸಂಜೆ ಕತ್ತಿವರಸೆಯ ಆಟಕ್ಕೆ ಮೊದಲು ತನ್ನ ಗಿರಣಿಯ ಪಿಕ್ಚರು ತೋರಿಸುವುದಾಗಿ ಮಾಡಿದ್ದ. ಗಿರಣಿಯ ಜನ ತಿಕೀಟಿಲ್ಲದೆ ಬರಬಹುದು ಅಂತ ಮುಕಾದಮ ಸಾರಿದ. ಅತ್ತೆ ಹಿಂದಿನ ದಿನವೇ ಬಂದು ಚಾಳಿನಲ್ಲಿ ಉಳಿದಳು. ಆ ದಿನ ತಲೆಗೆ ನೀರು ಹಾಕಿಕೊಂಡಳು, ಹಣೆಗೆ ವಿಭೂತಿ ಹಚ್ಚಿಕೊಂಡಳು, ಏನೂ ತಿನ್ನಲಿಲ್ಲ. ಮಾರಿ ನೋಡಲು ಹೋಗುವಾಗ ಹೇಗೆ ಹೋಗುತ್ತಾರೋ ಹಾಗೆ.

ಡೇರೆಯಲ್ಲಿ ಹೆಂಗಸರಿಗೆ ಪರದೆ ಕಟ್ಟಿದ ಒಂದು ಬದಿ. ಅತ್ತೆ, ನಾನು, ನನ್ನ ಗೆಳತಿ ಮುಂದೆಯೇ ಕೂತೆವು. ಕಂದೀಲು ಆರಿಸಿದರು. ಹಾರ್ಮೋನಿಯಂ ಪೇಟಿ, ತಬಲಾದವರು ತಯಾರಾದರು. ಬಿಳಿ ಬಟ್ಟೆಯ ಮೇಲೆ ಒಂದು ಗಾಲಿ ತಿರುಗತೊಡಗಿತು. ಅದರ ಮೇಲೆಯೇ ಇನ್ನೊಂದು ಗಾಲಿ ಮೂಡಿತು, ನೀರಿನೊಳಗೆ ನೀರು ಕಂಡಂತೆ. ಆಮೇಲೆ ಎಳೆಗಳು ಹರಿದು ಬಂದವು, ಎಷ್ಟು ಹತ್ತಿರದಿಂದ ಎಂದರೆ ಹಗ್ಗದಷ್ಟು ದಪ್ಪ. ಆಮೇಲೆ ಕೈಗಳು. ಬೆರಳು ಹರಿದ ಎಳೆಯನ್ನು ಹುಡುಕುತ್ತದೆ, ಹೊಸೆಯುತ್ತದೆ, ಬಿಡುತ್ತದೆ. ಮತ್ತೊಂದು ಬೆರಳು, ಮತ್ತೊಂದು. ಪೇಟಿಯವನು ಏನು ಬಾರಿಸಬೇಕೋ ತಿಳಿಯದೆ ಮೊದಲು ಭಜನೆ ಹಿಡಿದ, ಅದನ್ನು ಬಿಟ್ಟು ಲಗ್ನದ ಮೆರವಣಿಗೆಯ ಧಾಟಿ ಹಿಡಿದ, ಕೊನೆಗೆ ಸುಮ್ಮನಾದ.

ಗಂಡಸರ ಕಡೆಯಿಂದ ಕೂಗು ಎದ್ದಿತು. ರೊಕ್ಕ ಕೊಟ್ಟು ಕತ್ತಿವರಸೆ ನೋಡಲು ಬಂದ ಊರಿನ ಜನ. “ಏ ಕುದರಿ ಎಲ್ಲೋ? ಹೊಡದಾಟ ಎಲ್ಲೋ?” ನಮ್ಮ ಗಿರಣಿಯವನೊಬ್ಬ ಅದಕ್ಕಿಂತ ಜೋರಾಗಿ ಅಂದ: “ದಿನಾ ಮಾಡಿ ಸಾಯೋದು ಇದೇ, ಉರುಸಿನ್ಯಾಗೂ ಇದೇನೇನೋ!” ಡೇರೆ ನಕ್ಕಿತು.

ಗೆಳತಿ ಅತ್ತೆಯ ಮೊಣಕೈ ಹಿಡಿದಳು. “ಯವ್ವಾ, ಅಕಾ ನೋಡು, ಅದು ನಿನ ಮಗನ ಕೈ.”

ಅತ್ತೆ ಮುಂದೆ ಬಾಗಿದಳು. ಕೈ ಹೋಯಿತು, ಗಾಲಿ ಬಂತು. ಮತ್ತೆ ಕೈ ಬಂತು. “ಅದೂ ಅವನ್ದೇ” ಅಂದಳು ಗೆಳತಿ. ಆ ಮೇಲಿನದಕ್ಕೂ ಹಾಗೇ ಅಂದಳು.

“ನನ್ನ ಮಗನಿಗಿ ಎಷ್ಟು ಕೈ ಇದ್ವೇ ಯವ್ವಾ?” ಅಂದಳು ಅತ್ತೆ, ಬಟ್ಟೆಯಿಂದ ಕಣ್ಣು ತೆಗೆಯದೆ. ಗೆಳತಿ ಮೊಣಕೈ ಬಿಟ್ಟಳು.

ಒಂದು ಕಡೆ ಪಿಕ್ಚರು ಹಿಂದಕ್ಕೆ ಓಡಿತು. ನೂಲು ತುಂಬಿದ ಬಾಬಿನ್ನುಗಳು ತಾವಾಗಿಯೇ ಬಿಚ್ಚಿಕೊಂಡು ಬರಿದಾದವು, ಎಳೆಗಳು ಯಂತ್ರದೊಳಕ್ಕೆ ಸರಿದು ಅರಳೆಯಾದವು, ನೆಲಕ್ಕೆ ಬಿದ್ದ ಎಸಳು ಮೇಲೆದ್ದು ಹಾರಿದವು. ಅಲ್ಲಿ ಮಾತ್ರ ಗಿರಣಿಯ ಜನ ನಗಲಿಲ್ಲ. “ಇಡೀ ದಿನದ ಕೆಲಸ ಬಿಚ್ಚಿಹೋತಲ್ಲೋ” ಎಂದು ಯಾರೋ ಮೆಲ್ಲಗೆ ಅಂದದ್ದು ಕೇಳಿಸಿತು. ಹೀಗೆ ಹಿಂದಕ್ಕೆ ಓಡುತ್ತ ಓಡುತ್ತ ಇವರಿಗೆ ಬೇನೆ ಹತ್ತಿದ ಆ ನಸುಕಿನವರೆಗೂ ಹೋಗಬಹುದೇನೋ ಅನ್ನುವ ಹುಚ್ಚು ನನಗೆ ಒಂದು ಗಳಿಗೆ. ಅಷ್ಟರಲ್ಲಿ ಅದು ನಿಂತು ಗಾಲಿ ಬಂತು.

ಕೊನೆಗೆ ಗಿರಣಿಯ ದೊಡ್ಡ ಬಾಗಿಲು. ಕೆಲಸ ಬಿಟ್ಟು ಜನ ಹೊರಗೆ ಬರುತ್ತಿದ್ದರು. ಸಾಹೇಬ ಪೆಟ್ಟಿಗೆಯನ್ನು ನೆಲದ ಮೇಲಿಟ್ಟು ತೆಗೆದಿದ್ದ; ಬರೀ ಕಾಲು. ಬರಿಗಾಲು, ಹರಿದ ಚಪ್ಪಲಿ, ಸೀರೆಯ ಅಂಚು. ಅತ್ತೆ ನನ್ನ ಕೈ ಹಿಡಿದುಕೊಂಡಳು. ಕಾಲು ಬಂದ ಮೇಲೆ ಮುಖ ಬಂದೇ ಬರುತ್ತದೆ ಅಂತ ಅವಳಿಗೆ. ಅವಳ ಗದ್ದ ತಾನಾಗಿಯೇ ಮೇಲಕ್ಕೇಳುತ್ತಿತ್ತು, ಬಟ್ಟೆಯನ್ನೇ ಎತ್ತುವವಳಂತೆ. ಕಾಲುಗಳು ಹೋದವು, ಹೋದವು, ಮುಗಿದವು. ಬಟ್ಟೆ ಬಿಳಿಯಾಯಿತು. ಜನ ಸೀಟಿ ಹೊಡೆದರು. ಕತ್ತಿವರಸೆ ಶುರುವಾಯಿತು.

“ಮುಂದ ಬರ್ತದೇನು?” ಎಂದು ಅತ್ತೆ ಕೇಳಿದಳು.

“ಇಲ್ಲತ್ತಿ. ಮುಗೀತು.”

ಅವಳು ಏಳಲಿಲ್ಲ. ಕತ್ತಿ ಕುದುರೆಗಳ ಆಟವನ್ನೂ ಪೂರ್ತಿ ನೋಡಿದಳು. ಒಂದೊಂದು ಮುಖ ಬಂದಾಗಲೂ ಮುಂದೆ ಬಾಗುತ್ತಿದ್ದಳು.

ಮರುದಿನ ಬೆಳಿಗ್ಗೆ ನಾನು ಕೆಲಸಕ್ಕೆ ಹೋಗದೆ ಅವಳನ್ನು ಡೇರೆಯ ಹತ್ತಿರ ಕರೆದುಕೊಂಡು ಹೋದೆ. ಸಾಹೇಬ ತನ್ನ ಡಬ್ಬಿಗಳನ್ನು ಟಾಂಗಾದಲ್ಲಿ ಇಡಿಸುತ್ತಿದ್ದ. ಮುಖ ಬಾಡಿತ್ತು. ಅತ್ತೆ ಬಾಳೆಯ ಚಿಪ್ಪನ್ನು ಅವನ ಮುಂದಿಟ್ಟು ಕೈ ಮುಗಿದಳು.

“ಸಾಹೇಬ್ರ, ನನ್ನ ಮಗನ ಮಾರಿ ನಿಮ್ಮ ಹತ್ರ ಅದ ಅಂತ್ರಿ. ನಿನ್ನಿ ಕಾಣಲಿಲ್ಲ. ಒಮ್ಮಿ ತೋರಸ್ರಿ. ಮಣ್ಣು ಕೊಡಾಗ ನಾ ಇರಲಿಲ್ರಿ.”

ಅವನಿಗೆ ತಿಳಿಯಲಿಲ್ಲ. ನಾನು ತಲೆಯ ಮೇಲಿನ ಸೆರಗು ಮುಂದಕ್ಕೆಳೆದುಕೊಂಡು ಬಿಡಿಸಿ ಹೇಳಿದೆ: ಯಾವ ಯಂತ್ರ, ಎಲ್ಲಿ ನಿಂತಿದ್ದರು, ಹೇಗೆ ನಿಂತಿದ್ದರು. ಕೇಳುತ್ತ ಕೇಳುತ್ತ ಅವನ ಮುಖದಲ್ಲಿ ಗುರುತು ಹತ್ತಿತು.

“ವೋ ಖಡಾ ರಹನೇವಾಲಾ? ಸುಮ್ಮ ನಿಂತಂವಾ? ಅವನ್ನ ಹ್ಯಾಂಗ ಮರೀಲಿ!” ಎಂದು ನಗಲು ಹೋದವನು ಅತ್ತೆಯನ್ನು ನೋಡಿ ನಿಲ್ಲಿಸಿದ. “ಅದು ಪಿಕ್ಚರಿನ್ಯಾಗ ಇಲ್ಲ ಅಮ್ಮಾ. ಕೆಲಸಕ್ಕ ಬರಲಿಲ್ಲ. ಎಲ್ಲರೂ ಹಂಗೇ ನಿಂತ್ರು, ಅದಕ್ಕ ಮಾರಿ ಎಲ್ಲಾ ಬಿಟ್ಟು ಕೈ ಕಾಲು ತಗದೆ. ಗಿರಣಿ ಅಂದ್ರ ನಡೀಬೇಕು. ನಿಂತಂವ ಬಂದ್ರ ಅದು ಪಿಕ್ಚರ್ ಆಗೂದಿಲ್ಲ, ಫೋಟೋ ಆಗ್ತದ.”

“ಒಬ್ಬಂವ ನಿಂತಿದ್ರ ನಿಮ್ಮ ಗಿರಣಿ ನಿಲ್ತಿತ್ತೇನ್ರೀ?” ಎಂದು ಅತ್ತೆ ಕೇಳಿದಳು. ಸಿಟ್ಟಿನಿಂದಲ್ಲ. ತಿಳಿದುಕೊಳ್ಳಲಿಕ್ಕೆ ಕೇಳಿದಂತೆ.

“ಆ ತುಣುಕು ಎಲ್ಯದ ಹೇಳ್ರಿ,” ಅಂದಳು ಮತ್ತೆ. “ಬರೇ ತುಣುಕೇ ಇರ್ಲಿ. ಬಿಸಿಲಿಗಿ ಹಿಡದು ನೋಡ್ತೀನಿ.”

ಆಗ ಅವನು ನಿಜ ಹೇಳಿದ. ಫಿಲಂ ತೊಳೆಯುವುದು ಮುಂಬೈಯಲ್ಲಿ. ಬೇಡವಾದದ್ದನ್ನು ಅಲ್ಲೇ ಕತ್ತರಿಸಿ ಬುಟ್ಟಿಗೆ ಹಾಕುತ್ತಾರೆ. ಅಂಥ ಕಸವನ್ನು ಕೊಳ್ಳುವವರಿದ್ದಾರೆ. ಅದರ ಮೇಲಿನ ಬೆಳ್ಳಿಯನ್ನು ತೊಳೆದು ತೆಗೆದುಕೊಂಡು, ಉಳಿದ ಬರಿಯ ಪಟ್ಟಿಯನ್ನು ಬಳೆ ಮಾಡುವವರಿಗೆ ಕೊಡುತ್ತಾರೆ. “ಅದು ಎಂದೋ ಹೋತು ಅಮ್ಮಾ. ನನಗ ಗೊತ್ತಿರಲಿಲ್ಲ” ಅಂದ. ಗೊತ್ತಿರಲಿಲ್ಲ ಅನ್ನುವುದು ಸುಳ್ಳಲ್ಲ. ಯಾರಿಗೆ ಗೊತ್ತಿತ್ತು? ಆಮೇಲೆ, ಏನಾದರೂ ಕೊಡಬೇಕೆನ್ನಿಸಿತೋ ಏನೋ, ಪೆಟ್ಟಿಗೆಯನ್ನು ಟಾಂಗಾದಿಂದ ಇಳಿಸಲು ಹೋದ. “ನಿಮ್ಮ ಮಾರಿ ತಗೀತೀನಿ ಅಮ್ಮಾ. ಸುಮ್ಮ ನಿಂದರ್ರಿ, ಅಲ್ಲಾಡಬ್ಯಾಡ್ರಿ. ಇದನ್ನ ಕತ್ತರಸೂದಿಲ್ಲ.”

“ನನ್ನ ಮಾರಿ ಯಾರಿಗಿ ಬೇಕಪಾ” ಅಂದಳು ಅತ್ತೆ. ಬಾಳೆಯ ಚಿಪ್ಪನ್ನು ಅವನ ಕಡೆ ಸರಿಸಿದಳು. “ಇದನ್ನ ಇವತ್ತೇ ತಿನ್ರಿ. ನಾಳಿಗಿ ಇರೂದಿಲ್ಲ.”

ನಾವು ಉರುಸಿನ ಅಂಗಡಿಗಳ ನಡುವೆ ಮರಳಿದೆವು. ಬಳೆಯ ಅಂಗಡಿಯೊಂದರ ಮುಂದೆ ಅತ್ತೆ ನಿಂತಳು. ಗಾಜಿನ ಬಳೆಗಳ ಪಕ್ಕ ಒಂದು ರಾಶಿ, ಹಗುರವಾದ, ಬಿದ್ದರೂ ಒಡೆಯದ ಹೊಸ ನಮೂನೆಯ ಬಳೆಗಳು. ಅವಳು ಒಂದನ್ನು ಎತ್ತಿ ಬಿಸಿಲಿಗೆ ಹಿಡಿದು ಒಂದು ಕಣ್ಣು ಮುಚ್ಚಿ ನೋಡಿದಳು. ಅದನ್ನಿಟ್ಟು ಇನ್ನೊಂದು ಎತ್ತಿದಳು.

“ಯಾರಿಗಿ ಬೇಕವ್ವಾ? ಸೊಸಿಗೇನು?” ಎಂದ ಬಳೆಗಾರ. ನನ್ನ ಬರಿಗೈ ನೋಡಿ ಅವನೇ ನಾಲಗೆ ಕಚ್ಚಿಕೊಂಡ.

“ಏನಿಲ್ಲಪಾ, ನೋಡಾಕತ್ತೀನಿ” ಅಂದಳು ಅತ್ತೆ. ನಾನು ಅವಳ ಭುಜ ಹಿಡಿದು ಮುಂದಕ್ಕೆ ನಡೆಸಿದೆ.

ಗಿರಣಿಯ ಪಿಕ್ಚರನ್ನು ಆಮೇಲೆ ಯಾರೂ ತೋರಿಸಲಿಲ್ಲ. ಧಣಿಗಳಿಗೂ ಅದು ಸೇರಲಿಲ್ಲವಂತೆ. ಗಿರಣಿಯ ಚಿಮಣಿ ಕೂಡ ಕಾಣಲಿಲ್ಲ, ಮಾಲಕರ ಮುಖವೂ ಇಲ್ಲ, ಇದೇನು ಪಿಕ್ಚರು ಅಂದರಂತೆ. ಈಗ ಮಾತಾಡುವ ಪಿಕ್ಚರುಗಳು ಬಂದಿವೆ. ಆ ಸಾಹೇಬ ಏನಾದನೋ ತಿಳಿಯದು. ಅವನ ಮೇಲೆ ನನಗೆ ಸಿಟ್ಟಿಲ್ಲ. ಹಲವು ಸಲ ಕೂತು ಯೋಚಿಸಿದ್ದೇನೆ: ಅವನು ತೋರಿಸಿದ್ದು ಸುಳ್ಳೇನಲ್ಲ. ಗಿರಣಿಯಲ್ಲಿ ಮುಕಾದಮನಿಗೆ ಬೇಕಾದದ್ದು ಕೈ. ಎಳೆ ಹರಿಯಿತೆಂದರೆ ಕೈ ಬರಬೇಕು, ಯಾರದಾದರೂ ಸರಿ. ಇವರು ಹೋದ ಮರುದಿನವೇ ಅವರ ಯಂತ್ರಕ್ಕೆ ಬೇರೆ ಕೈ ಬಂದಿತ್ತು. ಸಾಹೇಬ ಕಣ್ಣಿಗೆ ಕಂಡದ್ದನ್ನೇ ತೆಗೆದ. ನಮಗೆ ಬೇಕಾಗಿದ್ದದ್ದು ಅಲ್ಲಿ ಇಲ್ಲದ್ದು.

ಗಿರಣಿಯ ಅರಳೆಯ ಧೂಳು ನನ್ನ ಎದೆಗೂ ಹತ್ತಿ ಕೆಮ್ಮು ಶುರುವಾದ ಮೇಲೆ ನಾನು ಕಮಲಾಪುರಕ್ಕೇ ಹೋಗಿ ಇದ್ದೆ. ಅತ್ತೆ ಅಷ್ಟರಲ್ಲಿ ತೋಟಕ್ಕೆ ಹೋಗುವುದನ್ನು ಬಿಟ್ಟಿದ್ದಳು. ಮಗಳು ಅಳಿಯ ಚೆನ್ನಾಗಿಯೇ ನೋಡಿಕೊಳ್ಳುತ್ತಿದ್ದರು. ಅವಳಿಗೆ ನನ್ನಿಂದ ಬೇಕಾಗಿದ್ದದ್ದು ಒಂದೇ. ಸಂಜೆ ನಾನು ರೊಟ್ಟಿಯ ಹಿಟ್ಟು ಕಲಸುತ್ತ ಕೂತಾಗ ಹತ್ತಿರ ಬಂದು ಕೂರುತ್ತಿದ್ದಳು.

“ಹೇಳು, ಹ್ಯಾಂಗಿತ್ತು ಮಾರಿ?”

ನಾನು ಹೇಳುತ್ತಿದ್ದೆ. ಹಣೆ ಅಗಲ. ಹುಬ್ಬು ಕೂಡಿದ್ದವು. ಎಡಗಣ್ಣು ನಗುವಾಗ ಸಣ್ಣಗಾಗುತ್ತಿತ್ತು. ಮೀಸೆ ತೆಳ್ಳಗೆ, ದಪ್ಪ ಬಿಟ್ಟರೆ ಅರಳೆ ಹತ್ತುತ್ತದೆ ಅಂತ ಕತ್ತರಿಸುತ್ತಿದ್ದರು. ಮೊದಮೊದಲು ಹೇಳುವಾಗ ಮುಖ ಎದುರಿಗೆ ಬರುತ್ತಿತ್ತು. ನೋಡಿಕೊಂಡು ಹೇಳುತ್ತಿದ್ದೆ. ಬರಬರುತ್ತ ಅವೇ ಮಾತು, ಅದೇ ಕ್ರಮ, ಮಗ್ಗಿ ಒಪ್ಪಿಸಿದಂತೆ. ಹಣೆ, ಹುಬ್ಬು, ಕಣ್ಣು, ಮೀಸೆ. ಅವಳೂ ನನ್ನ ಜೊತೆ ತುಟಿ ಅಲ್ಲಾಡಿಸುತ್ತಿದ್ದಳು.

ಒಂದು ಸಂಜೆ ಅವಳು ತಡೆದಳು. “ತೆಳ್ಳಗ ಅಲ್ಲ. ದಪ್ಪ ಮೀಸಿ ಇತ್ತು ಅವಂದು. ತುದೀಗಿ ತಿರುವಿರ್ತಿದ್ದ.”

“ಇಲ್ಲತ್ತಿ. ಅದು ಮ್ಯಾಲಿನ ಮನಿ ಗೌಡರದು. ಇವರದು ತೆಳ್ಳಗ.”

“ಹಡದಾಕಿ ನಾನೋ ನೀನೋ?” ಎಂದು ಗದರಿದಳು. ಆಮೇಲೆ ಗಾಬರಿಯಾದವಳಂತೆ ನನ್ನ ಮೊಣಕಾಲು ಹಿಡಿದಳು. “ಖರೇ ಹೇಳವಾ. ನೀ ನೋಡಿದಾಕಿ. ದಪ್ಪ ಇತ್ತಿಲ್ಲೋ?”

ಹಿಟ್ಟಿನ ಕೈ ಹಾಗೇ ಬಿಟ್ಟು ಕಣ್ಣು ಮುಚ್ಚಿದೆ. ನೋಡಿಯೇ ಹೇಳೋಣ ಅಂತ. ಗಾಲಿ ತಿರುಗತೊಡಗಿತು. ಅದರ ಮೇಲೆ ಇನ್ನೊಂದು ಗಾಲಿ. ಬೆರಳುಗಳು ಬಂದವು, ಎಳೆ ಹೊಸೆದವು, ಬಿಟ್ಟವು; ಯಾರದೋ ಬೆರಳು. ಕಾಲುಗಳು ಬಾಗಿಲು ದಾಟಿ ಹೋದವು. ಇನ್ನೊಂದಿಷ್ಟು ಹೊತ್ತು ತಡೆದು ನೋಡಿದೆ; ಮುಖ ಬರಲಿಲ್ಲ. ಒಲೆಯ ಮೇಲೆ ಹಂಚು ಕಾದು ವಾಸನೆ ಬರುತ್ತಿತ್ತು. ಅತ್ತೆ ಮೊಣಕಾಲು ಬಿಡಲಿಲ್ಲ.

“ಹೌದತ್ತಿ” ಅಂದೆ. “ದಪ್ಪನೇ ಇತ್ತು.”